ಕೆಂಪೊದಿಸುವುದು ಎಂದರೆ

ಕಪಟಕ್ಕೆ ಕನ್ನಡದಲ್ಲಿ ಮಾತುಗಳ ಬರವೇನಿಲ್ಲ. ಸೋಗು, ಬೂಟಾಟಿಕೆ, ಢೋಂಗಿ, ತೋರಿಕೆ, ನಾಟಕ. ಬೇಕಾದವರು ಬೇಕಾದದ್ದನ್ನು ಎತ್ತಿಕೊಂಡು ಬೇಡದವರ ಮುಖಕ್ಕೆ ಎಸೆಯಬಹುದು. ಆದರೂ ಒಂದು ಊರಿನ ನಾಲ್ಕೈದು ಬೀದಿಗಳ ಜನಕ್ಕೆ ಇವು ಯಾವುವೂ ಸಾಲದೆ ಹೋಗಿ, 'ಕೆಂಪೊದಿಸು' ಎಂಬ ಇನ್ನೊಂದು ಮಾತು ಬೇಕಾಯಿತು. ಆ ಬೀದಿಗಳ ಆಚೆ ಅದು ಯಾರಿಗೂ ಗೊತ್ತಿಲ್ಲ. ಅತ್ತೆಯನ್ನು ವರ್ಷವಿಡೀ ಮೂಲೆಗೆ ತಳ್ಳಿ, ನೆಂಟರು ಬಂದ ದಿನ ಮಾತ್ರ "ನಮ್ಮತ್ತೇಗೆ ಬಿಸಿನೀರಿಲ್ದೆ ಆಗಲ್ಲ" ಎಂದು ಚೊಂಬು ಹಿಡಿದು ಓಡಾಡುವ ಸೊಸೆಯನ್ನು ಕಂಡರೆ, "ಏನು ಕೆಂಪೊದಿಸ್ತಾಳಪ್ಪ" ಎಂದು ಮೂಗು ಮುರಿಯುತ್ತಾರೆ. ಕೆಂಪು ಯಾವುದು, ಹೊದಿಸಿದವರು ಯಾರು ಎಂದು ಕೇಳುವ ವ್ಯವಧಾನ ಯಾರಿಗೂ ಇಲ್ಲ.

ಹೊದಿಸಿದವಳು ಒಬ್ಬಳಿದ್ದಳು. ಅವಳನ್ನು ಬೀಗದಕ್ಕ ಎನ್ನುತ್ತಿದ್ದರು.

ಆಸರೆಮನೆಗೆ ಕೆಲಸಕ್ಕೆ ಬಂದಾಗ ಅವಳ ಹತ್ತಿರ ಬೀಗವೂ ಇರಲಿಲ್ಲ, ಅಕ್ಕ ಎನ್ನುವವರೂ ಇರಲಿಲ್ಲ. ಗಂಡ ತೀರಿಕೊಂಡು ಅಣ್ಣನ ಮನೆ ಸೇರಿ, ತುತ್ತಿಗೊಂದು ಮಾತು ಕೇಳಿ ಸಾಕಾಗಿ, ಇಪ್ಪತ್ತೊಂಬತ್ತನೆಯ ವಯಸ್ಸಿಗೆ ನೆಲ ಒರೆಸುವ ಕೆಲಸ ಹಿಡಿದಳು. ನೋಡಿಕೊಳ್ಳುವವರಿಲ್ಲದ, ಇಲ್ಲವೇ ಇದ್ದೂ ನೋಡಿಕೊಳ್ಳದ ಮುದುಕ ಮುದುಕಿಯರಿಗಾಗಿ ಊರಿನ ದೊಡ್ಡಮನುಷ್ಯರ ಸಮಿತಿಯೊಂದು ಆ ಆಸರೆಮನೆಯನ್ನು ನಡೆಸುತ್ತಿತ್ತು. ಹಿಂದೆ ಅದು ಸರಕು ತುಂಬುವ ಗೋದಾಮು. ಕೈಗೆಟುಕದಷ್ಟು ಮೇಲೆ ಕಿಟಕಿ, ಕಾಲಿಟ್ಟರೆ ಬೆನ್ನುಮೂಳೆಯವರೆಗೆ ಥಂಡಿ ಹತ್ತುವ ಸಿಮೆಂಟು ನೆಲ. ಒಂದೇ ಒಂದು ಉದ್ದಕೋಣೆ, ನಡುವೆ ಆಳೆತ್ತರದ ಹಲಗೆಯ ಮರೆ. ಆ ಕಡೆ ಗಂಡಸರ ಹದಿನೆಂಟು ಮಂಚ, ಈ ಕಡೆ ಹೆಂಗಸರ ಹದಿನೆಂಟು. ಒಬ್ಬರು ಕೆಮ್ಮಿದರೆ ಮೂವತ್ತಾರು ಜನಕ್ಕೂ ಎಚ್ಚರವಾಗುತ್ತಿತ್ತು.

ಅವಳ ಕೆಲಸ ಚೊಕ್ಕ. ಬಟ್ಟೆ ಮಡಿಸುವುದರಲ್ಲಂತೂ ಎತ್ತಿದ ಕೈ. ಅವಳು ಒಟ್ಟಿದ ಹಾಸುಗಳಲ್ಲಿ ಒಂದರ ಅಂಚೂ ಹೊರಗೆ ಚಾಚಿರುತ್ತಿರಲಿಲ್ಲ. ಎರಡನೆಯ ವರ್ಷಕ್ಕೇ ಮೇಲ್ವಿಚಾರಕರು ಉಗ್ರಾಣದ ಬೀಗದ ಕೈಗಳನ್ನು ಅವಳಿಗೆ ಒಪ್ಪಿಸಿ, ಅದರ ಹಿಂದಿನ ಚಿಕ್ಕ ಕೋಣೆಯನ್ನೂ ಇರುವುದಕ್ಕೆ ಬಿಟ್ಟುಕೊಟ್ಟರು. ಅಣ್ಣನ ಮನೆಯಲ್ಲಿ ಸಕ್ಕರೆ ಡಬ್ಬಿ ಮುಟ್ಟುವುದಕ್ಕೂ ಅತ್ತಿಗೆಯ ಮುಖ ನೋಡಬೇಕಾಗಿದ್ದವಳ ಸೊಂಟದಲ್ಲಿ ಈಗ ಹನ್ನೊಂದು ಬೀಗದ ಕೈ. ಮೊದಲ ವಾರ ಗೊಂಚಲನ್ನು ಸೊಂಟಕ್ಕೆ ಸಿಕ್ಕಿಸಿಕೊಂಡೇ ಮಲಗಿದಳಂತೆ. ನಗುವವರು ನಗಲಿ. ಹಂಗಿನ ಅನ್ನ ಉಂಡವರಿಗೆ ಮಾತ್ರ ಆ ಗೊಂಚಲಿನ ಬೆಲೆ ಗೊತ್ತು.

ಆ ವರ್ಷವೇ ಸಮಿತಿಯ ಅಧ್ಯಕ್ಷರು ತಮ್ಮ ತಾಯಿಯ ನೆನಪಿಗೆಂದು ಮೂವತ್ತಾರು ಉಣ್ಣೆ ಕಂಬಳಿ ಕೊಟ್ಟರು. ಕಣ್ಣು ಕುಕ್ಕುವ ಕೆಂಪು, ಎರಡು ಬೆರಳು ದಪ್ಪ. ಪತ್ರಿಕೆಯಲ್ಲಿ ಫೋಟೋ ಬಂತು. ಅದುವರೆಗೆ ತೊಳೆದು ತೊಳೆದು ಜಾಳಾಗಿದ್ದ ಬೂದು ಹೊದಿಕೆಯಲ್ಲಿ ಮುದುರಿಕೊಳ್ಳುತ್ತಿದ್ದವರು ಒಂದು ವಾರ ಕಾಲು ಚಾಚಿ ನಿದ್ದೆ ಮಾಡಿದರು. ವಾರದ ಕೊನೆಗೆ ಒಬ್ಬ ಮುದುಕ ಕಂಬಳಿಯಲ್ಲೇ ಉಚ್ಚೆ ಹೊಯ್ದುಕೊಂಡ. ಒಗೆಯುವವನಿಗೆ ಉಣ್ಣೆಯ ಮರ್ಮ ತಿಳಿಯದು. ಕುದಿಯುವ ನೀರಿಗೆ ಅದ್ದಿದ. ಕಂಬಳಿ ಕುಗ್ಗಿ ಕಾಲೊರೆಸು ಆಯಿತು. ಅದೇ ಮಧ್ಯಾಹ್ನ ಅಧ್ಯಕ್ಷರು ಹೇಳದೆ ಕೇಳದೆ ಬಂದು, ಹಗ್ಗದ ಮೇಲೆ ನೇತಾಡುತ್ತಿದ್ದ ಅದನ್ನು ನೋಡಿದರು. ಮುಖ ಹುಳ್ಳಗೆ ಮಾಡಿಕೊಂಡು ಹೋದರು.

ಮರುದಿನ ಮೇಲ್ವಿಚಾರಕರು ಅವಳನ್ನು ಕರೆದರು. ಅವರು ಕೆಟ್ಟವರಾಗಿದ್ದರೆ ನಾವು ಅವರನ್ನು ಬೈದು ಸುಮ್ಮನಾಗಬಹುದಿತ್ತು. ಅಲ್ಲ. ಮೊಣಕೈ ಹರಿದ ಸ್ವೆಟರು ಹಾಕಿಕೊಂಡು, ಅಡುಗೆಮನೆಗೆ ಸೌದೆ ಸಾಲದೆ ಬಂದಾಗ ಸಮಿತಿಯವರ ಬಾಗಿಲು ಬಾಗಿಲು ತಟ್ಟಿ ಬರುತ್ತಿದ್ದ ಮನುಷ್ಯ.

"ನೋಡಮ್ಮ," ಎಂದರು, "ಕೊಟ್ಟೋರು ಬಂದಾಗ ಕೊಟ್ಟಿದ್ದು ಹೊಸದಾಗೇ ಕಾಣ್ಬೇಕು. ಇಲ್ದೆ ಇದ್ರೆ ನಾಳೆ ಯಾರೂ ಏನೂ ಕೊಡಲ್ಲ. ಕಂಬಳಿ ಎಲ್ಲ ಬೀರುವಿಗೆ ಹಾಕು. ಅವರು ಬರೋ ದಿನ ತೆಗಿ, ಹೋದ್ಮೇಲೆ ಒಳಗಿಡು."

"ಚಳೀಗೆ, ಸಾರ್?"

"ಇಷ್ಟು ದಿನ ಹೆಂಗಿದ್ರು?"

ಮಾತಿನಲ್ಲಿ ಹುಳುಕು ಹುಡುಕುವುದು ಕಷ್ಟ. ಅವಳು ಹುಡುಕಲೂ ಹೋಗಲಿಲ್ಲ. ಮೂವತ್ತೈದು ಕಂಬಳಿಗಳ ನಡುನಡುವೆ ನುಸಿಗುಳಿಗೆ ಇಟ್ಟು ಬೀರುವಿಗೆ ಬೀಗ ಹಾಕಿದಳು. ಕುಗ್ಗಿದ್ದರ ಬದಲಿಗೆ ಅಧ್ಯಕ್ಷರ ಮನೆಯಿಂದ ಇನ್ನೊಂದು ತಾನೇ ಬಂತು.

ಅಲ್ಲಿಂದ ಮುಂದೆ ಎರಡು ತಿಂಗಳಿಗೊಮ್ಮೆ, ಕೆಲವು ಸಲ ಅದಕ್ಕೂ ಮೊದಲೇ, ಸಮಿತಿಯವರೋ ಅವರು ಕರೆತಂದ ಅತಿಥಿಗಳೋ ಬರುವ ದಿನ ಬೀರು ತೆರೆಯುತ್ತಿತ್ತು. ತೋಳಿನ ಮೇಲೆ ಆರಾರು ಕಂಬಳಿ ಹೊತ್ತುಕೊಂಡು, ಕಾಲ ಕಡೆಯಿಂದ ಒಂದೇ ಬೀಸಿಗೆ ಎದೆಯವರೆಗೆ ಹರವಿ, ಅಂಚು ಮಡಚಿ ಮುಂದಿನ ಮಂಚಕ್ಕೆ. ಅವಳು ಬರುವುದಕ್ಕೆ ಮೊದಲೇ ನುಸಿಗುಳಿಗೆಯ ವಾಸನೆ ಉದ್ದಕೋಣೆಗೆ ಬಂದಿರುತ್ತಿತ್ತು. ಎರಡೂ ಕಣ್ಣು ಹೋಗಿದ್ದ ಮುದುಕ ಕೂಡ ವಾಸನೆ ಹಿಡಿದು ಎದ್ದು ಕೂತು ತಲೆ ಸವರಿಕೊಳ್ಳುತ್ತಿದ್ದ. ಉಗುಳುವ ಡಬ್ಬಿಗಳು ಮಂಚದ ಕೆಳಗೆ ಸರಿಯುತ್ತಿದ್ದವು. ಕೇಳಿದರೆ ಏನು ಹೇಳಬೇಕೆಂಬುದನ್ನೂ ಅವಳೇ ಕಲಿಸಿದಳು. ಇದನ್ನು ಮಾತ್ರ ಅವಳಿಗೆ ಯಾರೂ ಹೇಳಿರಲಿಲ್ಲ; ತಾನಾಗಿ ತಲೆ ಮೇಲೆ ಹೊತ್ತುಕೊಂಡದ್ದು.

"ಚೆನ್ನಾಗಿದೆ, ಏನೂ ಕಡಿಮೆ ಇಲ್ಲ ಅಂದ್ಬಿಡಿ ಅಜ್ಜಿ. ಅವರಿಗೂ ಸಮಾಧಾನ, ನಿಮಗೂ ಒಂದು ಬಿಸ್ಕತ್ತು ಜಾಸ್ತಿ ಬರತ್ತೆ."

ಬಂದವರು ಕಾಲು ಗಂಟೆ ಇರುತ್ತಿದ್ದರು. ಕಾರುಗಳು ಗೇಟು ದಾಟಿದ ಮೇಲೆ ಮೇಲ್ವಿಚಾರಕರು ಬಾಗಿಲಲ್ಲಿ ನಿಂತು ತಲೆ ಆಡಿಸುತ್ತಿದ್ದರು. ಹೊದಿಸಿದ ಕೈಯೇ ಸರಸರನೆ ಎಳೆದುಕೊಂಡು ಬರುತ್ತಿತ್ತು.

ಈಗ ಪ್ರೆಸ್ಸಿನಜ್ಜನ ವಿಷಯ. ನಲವತ್ತು ವರ್ಷ ಮುದ್ರಣಾಲಯದಲ್ಲಿ ಅಚ್ಚಿನ ಮೊಳೆ ಜೋಡಿಸಿ ಕಣ್ಣು ಮಂಜಾಗಿ, ಬೆನ್ನು ಬಾಗಿ ಬಂದವನು. ನಾಲಿಗೆ ಮಾತ್ರ ಹರಿತವಾಗಿಯೇ ಉಳಿದಿತ್ತು. ಒಂದು ಸಲ ಅತಿಥಿಗಳ ಎದುರು ಮೇಲ್ವಿಚಾರಕರು ಅವನ ಹೆಗಲ ಮೇಲೆ ಕೈಯಿಟ್ಟು, "ಅಜ್ಜ, ನಿದ್ದೆ ಬಂತಾ? ಊಟ ಸೇರ್ತಾ?" ಎಂದು ಎಂದೂ ಇಲ್ಲದ ಬೆಣ್ಣೆಮಾತಾಡಿದರು. ಎಲ್ಲರೂ ಹೋಗಿ, ಕಂಬಳಿಯೂ ಹೋದ ಮೇಲೆ ಪ್ರೆಸ್ಸಿನಜ್ಜ ಮಂಚದ ಮೇಲಿಂದಲೇ ಸಾರಿದ.

"ಇವತ್ತು ಕಂಬಳಿ ಜೊತೆ ಮೇಲ್ವಿಚಾರಕರೂ ನಂಗೆ ಚೆನ್ನಾಗಿ ಕೆಂಪೊದಿಸಿದ್ರು."

ಉದ್ದಕೋಣೆ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಹಲಗೆಯ ಆಚೆ ಹೆಂಗಸರೂ ನಕ್ಕರು. ನಗುವುದಕ್ಕೆ ಅಲ್ಲಿ ಬೇರೆ ಏನಿತ್ತು? ಸಂಜೆಯೊಳಗೆ ಎಲ್ಲರ ಬಾಯಲ್ಲೂ ಅದೇ. ಮಗ ಕಾಗದದಲ್ಲಿ ಕೆಂಪೊದಿಸಿದ್ದಾನೆ, ಸೊಸೆ ಕೆಂಪೊದಿಸೋಕೆ ಬರ್ತಾಳಂತೆ. ಸಿಕ್ಕಸಿಕ್ಕಲ್ಲಿ ಬಳಸತೊಡಗಿದಾಗ ಅಜ್ಜನಿಗೆ ಸಿಟ್ಟು ಬಂತು. ಹಡೆದವನಿಗೆ ತನ್ನ ಕೂಸಿನ ಮೇಲೆ ಕಾಳಜಿ.

"ಸುಳ್ಳು ಹೇಳೋದಕ್ಕೆಲ್ಲ ಕೆಂಪೊದಿಸೋದು ಅನ್ಬೇಡಿ," ಎಂದ. "ಆ ಕಂಬಳಿ ಸುಳ್ಳಲ್ಲ. ನಿಜವಾದ ಉಣ್ಣೆ, ನಿಜವಾಗ್ಲೂ ಬೆಚ್ಚಗಿರತ್ತೆ. ಚಳಿಯಾಗ್ತಿರೋನಿಗೆ ಅದನ್ನ ಹೊದಿಸಿ, ನೋಡೋರು ನೋಡ್ಕೊಂಡು ಹೋದ್ಮೇಲೆ ಎಳ್ಕೊಂಡು ಮಡಚಿಡ್ತಾರಲ್ಲ, ಅದಕ್ಕೆ ಈ ಮಾತು. ಕೊಡೋಕೆ ಏನೂ ಇಲ್ದೋನು ಕೆಂಪೊದಿಸೋಕಾಗಲ್ಲ. ಇದ್ದೋನೇ ಮಾಡ್ಬೇಕು."

"ಮತ್ತೆ ನಾವು ಚೆನ್ನಾಗಿದೆ ಚೆನ್ನಾಗಿದೆ ಅಂತೀವಲ್ಲ, ಅದಕ್ಕೇನಂತಾರೆ?" ಎಂದು ಕುರುಡಜ್ಜ ಕೇಳಿದ.

"ಅದು ಹೊದ್ಕೊಳ್ಳೋದು," ಎಂದ ಪ್ರೆಸ್ಸಿನಜ್ಜ.

ಬಾಗಿಲ ಬಳಿ ಹಾಸುಗಳ ಬುಟ್ಟಿ ಹಿಡಿದು ನಿಂತಿದ್ದ ಬೀಗದಕ್ಕನ ಕಿವಿಗೂ ಇದೆಲ್ಲ ಬಿತ್ತು. ಮಾತು ಮೇಲ್ವಿಚಾರಕರ ಮೇಲೆ ಎಂದುಕೊಂಡು ಅವಳೂ ಬಾಯಿಗೆ ಕೈ ಅಡ್ಡ ಇಟ್ಟು ನಕ್ಕಳು. ತನ್ನ ಕೈ ಅದರಲ್ಲಿದೆ ಎಂದು ಅವಳಿಗೆ ಅನ್ನಿಸಲೇ ಇಲ್ಲ. ಹೇಳಿದ್ದನ್ನು ಮಾಡುವವರಿಗೆ ಸಾಮಾನ್ಯವಾಗಿ ಅನ್ನಿಸುವುದಿಲ್ಲ.

ಎರಡು ವರ್ಷದ ಮೇಲೆ ಪ್ರೆಸ್ಸಿನಜ್ಜ ಬೆಳಗಿನ ಚಹಾದ ಹೊತ್ತಿಗೆ ಸತ್ತ. ಆಸರೆಮನೆಯ ಅತಿ ಹಿರಿಯನೆಂದು ಸಮಿತಿಗೆ ಸಮಿತಿಯೇ ಬಂತು. ಹೆಣದ ಮೇಲೆ ಕೆಂಪು ಕಂಬಳಿ ಹೊದಿಸಿದ್ದಳು. ಅಧ್ಯಕ್ಷರು ಕನ್ನಡಕ ತೆಗೆದು ಕಣ್ಣು ಒರೆಸಿಕೊಂಡು, "ನಮ್ಮ ತಾಯಿ ಹೆಸರಿನ ಕಂಬಳಿ ಅಜ್ಜನ ಕೊನೇ ಯಾತ್ರೆಗೂ ಆಯ್ತಲ್ಲ," ಎಂದರು. ಅವರು ಹೋದರು. ಹೆಣದ ಗಾಡಿ ಬಂತು. ಮೇಲ್ವಿಚಾರಕರು ಬಾಗಿಲಲ್ಲಿ ನಿಂತು ತಲೆ ಆಡಿಸಿದರು. ಅವಳು ಒಂದು ಗಳಿಗೆ ತಡೆದಳು, ನಿಜ. ಆಮೇಲೆ ಎಳೆದಳು. ಕಂಬಳಿಯ ಅಂಚು ಅಜ್ಜನ ಸೆಟೆದ ಬೆರಳಿಗೆ ಸಿಕ್ಕಿಕೊಂಡಿತ್ತು. ಬೆರಳು ಬಿಡಿಸಿ ಮಡಚಿಟ್ಟಳು. ಸುತ್ತಲಿನ ಮಂಚದವರೆಲ್ಲ ನೋಡುತ್ತಿದ್ದರು. ಅಜ್ಜ ಹುಟ್ಟಿಸಿದ ಮಾತಿಗೆ ಅದಕ್ಕಿಂತ ಸರಿಯಾದ ಜಾಗ ಇನ್ನೊಂದು ಸಿಗುತ್ತಿರಲಿಲ್ಲ. ಆ ದಿನ ಮಾತ್ರ ಅದನ್ನು ಯಾರೂ ಆಡಲಿಲ್ಲ.

ಹೊರಗೆ ಆಡಿದರು. ವಾರಕ್ಕೊಮ್ಮೆ ಗಡ್ಡ ಹೆರೆಯಲು ಬರುತ್ತಿದ್ದ ಕ್ಷೌರಿಕ ಕಥೆಯನ್ನೂ ಮಾತನ್ನೂ ತನ್ನ ಅಂಗಡಿಗೆ ಕೊಂಡೊಯ್ದ. ಅಲ್ಲಿಂದ ಅದು ಬೀದಿ ಬೀದಿ ತಿರುಗಿತು. ಒಂದು ದಿನ ಬೀಗದಕ್ಕ ತರಕಾರಿ ಅಂಗಡಿಯಲ್ಲಿ ಟೊಮೇಟೊ ಆರಿಸುತ್ತಿದ್ದಾಗ ಪಕ್ಕದ ಹೆಂಗಸು ಅಂಗಡಿಯವನ ಜೊತೆ ಜಗಳಕ್ಕೆ ನಿಂತಳು.

"ನಿನ್ನೆ ನಮ್ಮ ಯಜಮಾನ್ರು ಜೊತೇಲಿದ್ರು ಅಂತ ಒಂದು ಕಂತೆ ಸೊಪ್ಪು ಪುಕ್ಕಟೆ ಹಾಕ್ದೆ. ಇವತ್ತು ನಾನೊಬ್ಳೇ ಬಂದ್ರೆ ತಿರುಗೀನೂ ನೋಡಲ್ಲ. ಸುಮ್ನೆ ಕೆಂಪೊದಿಸ್ತೀಯ ನೀನು."

ಬೀಗದಕ್ಕನ ಕೈ ಟೊಮೇಟೊ ರಾಶಿಯಲ್ಲೇ ನಿಂತಿತು. "ಹಂಗಂದ್ರೇನಮ್ಮ?" ಎಂದು ಕೇಳಿದಳು. ಯಾಕೆ ಕೇಳಿದಳೋ. ಕೇಳದೆ ಬಂದಿದ್ದರೆ ಇನ್ನಷ್ಟು ವರ್ಷ ನೆಮ್ಮದಿಯಾಗಿ ಇರುತ್ತಿದ್ದಳು.

"ಗೊತ್ತಿಲ್ವ ನಿಮಗೆ? ಅದ್ಯಾರೋ ಒಬ್ಳಿದ್ಲಂತೆ. ಜನ ನೋಡೋವಾಗ ಮುದುಕರಿಗೆ ಕೆಂಪು ಕಂಬಳಿ ಹೊದಿಸೋಳು, ಜನ ಹೋದ್ಮೇಲೆ ಕಿತ್ಕೊಳ್ಳೋಳು. ಹೆಣದ ಮೇಲಿಂದಾನೂ ಬಿಡಲಿಲ್ವಂತೆ ಪಾಪಿ. ಅವಳಿಗೇನು ಅಪ್ಪ ಅಮ್ಮ ಇರಲಿಲ್ವೋ ಏನೋ."

ಆ ಕಥೆಯಲ್ಲಿ ಅಧ್ಯಕ್ಷರಿಲ್ಲ, ಸಮಿತಿಯಿಲ್ಲ, ಬಾಗಿಲಲ್ಲಿ ತಲೆ ಆಡಿಸುವವರಿಲ್ಲ. ಕೈ ಒಂದೇ ಉಳಿದುಕೊಂಡಿತ್ತು. ಆರಿಸಿದ ಟೊಮೇಟೊ ಅಲ್ಲೇ ಬಿಟ್ಟು ಬಂದು, ಉಗ್ರಾಣದ ಬಾಗಿಲು ಹಾಕಿಕೊಂಡು ಅತ್ತಳು. ನಾಚಿಕೆಗಿಂತ ಸಿಟ್ಟೇ ಹೆಚ್ಚಿತ್ತು. ನಾನೊಬ್ಬಳೇ ಸಿಕ್ಕಿದ್ದಾ ಇವರಿಗೆ ಎಂಬ ಸಿಟ್ಟು. ಅದೂ ಸುಳ್ಳಲ್ಲ. ಆದರೆ ಸಿಟ್ಟು ಇಳಿದ ಮೇಲೆ ಅವಳು ಬೀರುವಿನ ಬೀಗ ತೆಗೆದು ಒಂದು ಕಂಬಳಿಯನ್ನಾದರೂ ಯಾರಿಗಾದರೂ ಕೊಟ್ಟಳೇ? ಇಲ್ಲ. ಆ ಬೀಗ ಹೋದರೆ ತಾನು ಮತ್ತೆ ಅಣ್ಣನ ಮನೆಯ ಸಕ್ಕರೆ ಡಬ್ಬಿಯ ಎದುರು ನಿಲ್ಲಬೇಕೆಂಬುದು ಅವಳಿಗೆ ಗೊತ್ತಿತ್ತು.

ಹೀಗಿರುವಾಗ ಅಣ್ಣ ಅಮ್ಮನನ್ನು ಕರೆದುಕೊಂಡು ಬಂದ.

"ನೀನು ಹೇಗೂ ಇಲ್ಲೇ ಇರ್ತೀಯ," ಎಂದ. "ಮಗಳ ಕಣ್ಮುಂದೆ ಇದ್ದ ಹಾಗಾಗತ್ತೆ ಅಮ್ಮಂಗೆ. ನಮಗೇನು ಕಳಿಸೋಕೆ ಇಷ್ಟಾನಾ?"

ಅಮ್ಮ ಬಟ್ಟೆಯ ಗಂಟನ್ನು ತೊಡೆಯ ಮೇಲಿಟ್ಟುಕೊಂಡು ಇಬ್ಬರನ್ನೂ ನೋಡುತ್ತಿದ್ದಳು. ಕಣ್ಣು, ಕಿವಿ, ಬುದ್ಧಿ ಎಲ್ಲ ಚುರುಕಾಗಿಯೇ ಇತ್ತು. ಕಾಲು ಮಾತ್ರ ಸೋತಿತ್ತು. ಮೇಲ್ವಿಚಾರಕರು ಒಂದು ಮಂಚ ಕೊಟ್ಟರು, ಜೊತೆಗೆ ಒಂದು ಮಾತನ್ನೂ. "ನಿನ್ನಮ್ಮ ಅಂತ ಬೇರೆ ವ್ಯವಸ್ಥೆ ಬೇಡ. ಮೂವತ್ತಾರರಲ್ಲಿ ಒಬ್ರು."

ಮೊದಲ ಭೇಟಿಯ ದಿನ ಅವಳು ಅಮ್ಮನಿಗೂ ಹೊದಿಸಿದಳು. ಅಮ್ಮ ಕಂಬಳಿಯ ಮೇಲೆ ಅಂಗೈ ಆಡಿಸಿ, "ಎಷ್ಟು ಮೆತ್ತಗಿದೆ ಕಣೆ. ಮಗಳಿರೋ ಕಡೆ ಬಂದಿದ್ದು ಸಾರ್ಥಕ ಆಯ್ತು," ಎಂದು ಕಣ್ಣು ಮುಚ್ಚಿದವಳು, ಅತಿಥಿಗಳು ಬರುವುದರೊಳಗೆ ನಿದ್ದೆಹೋದಳು. ಬಂದು ಮೂರು ವಾರದಲ್ಲಿ ಅದೇ ಅವಳ ಮೊದಲ ಒಳ್ಳೆಯ ನಿದ್ದೆ. ಕಾರುಗಳು ಹೋದವು. ಬೀಗದಕ್ಕ ಉಳಿದ ಮೂವತ್ತೈದನ್ನೂ ಎಳೆದು ಮುಗಿಸಿ ಕೊನೆಗೆ ಅಮ್ಮನ ಮಂಚದ ಹತ್ತಿರ ಬಂದಳು. ಮೇಲ್ವಿಚಾರಕರು ಇನ್ನೂ ಬಾಗಿಲಲ್ಲೇ ಇದ್ದರು. ಹೆಂಗಸರ ಕಡೆಯೆಲ್ಲ ಅವಳನ್ನೇ ನೋಡುತ್ತಿತ್ತು. ಇವಳು ತನ್ನ ಅಮ್ಮನಿಗೆ ಏನು ಮಾಡುತ್ತಾಳೆ ನೋಡೋಣ ಎಂಬ ನೋಟ. ಬಿಟ್ಟರೆ ಪಕ್ಷಪಾತ, ಎಳೆದರೆ ಪಾಪ. ಅವಳು ಎಳೆದಳು. ಅಮ್ಮನಿಗೆ ಎಚ್ಚರವಾಯಿತು. ಮಗಳ ಕೈಯಲ್ಲಿದ್ದ ಕಂಬಳಿಯನ್ನು ನೋಡಿದಳು, ಪಕ್ಕದ ಮಂಚಗಳನ್ನು ನೋಡಿದಳು. ಎರಡೂ ಕೈಯನ್ನು ಕಂಕುಳಲ್ಲಿ ಸೇರಿಸಿಕೊಂಡು ಗೋಡೆಯ ಕಡೆ ತಿರುಗಿ ಮಲಗಿದಳು.

ಅಮ್ಮ ಬೈದಿದ್ದರೆ ಚೆನ್ನಾಗಿತ್ತು. ಬೈಯಲಿಲ್ಲ. ಎರಡನೆಯ ಸಲದಿಂದ ಕಾರಿನ ಸದ್ದು ದೂರವಾಗುತ್ತಲೇ ತಾನೇ ಕಂಬಳಿ ಮಡಚಿ ಇಟ್ಟುಕೊಂಡು, ಮಗಳು ಬಂದ ಕೂಡಲೇ "ತಗೋ" ಎಂದು ಚಾಚುತ್ತಿದ್ದಳು. ಮಗಳಿಗೆ ಕೆಲಸ ಹಗುರವಾಗಲಿ ಎಂದೋ, ಮಗಳ ಕೈ ತನ್ನ ಮೈಯಿಂದ ಕಂಬಳಿ ಎಳೆಯುವುದನ್ನು ಇನ್ನೊಮ್ಮೆ ನೋಡುವುದು ಬೇಡ ಎಂದೋ. ನಾಲ್ಕು ವರ್ಷದಲ್ಲಿ ಇಪ್ಪತ್ತಕ್ಕಿಂತ ಹೆಚ್ಚು ಸಲ ಹೀಗೆ ನಡೆಯಿತು. ತಾಯಿಮಗಳು ಊಟದ ಬಗ್ಗೆ, ಕಾಲುನೋವಿನ ಬಗ್ಗೆ, ಅಣ್ಣನ ಮಕ್ಕಳ ಬಗ್ಗೆ ಮಾತಾಡಿದರು. ಇದರ ಬಗ್ಗೆ ಒಂದು ದಿನವೂ ಇಲ್ಲ.

ಐದನೆಯ ಚಳಿಗಾಲ ಕೆಟ್ಟದಾಗಿ ಬಂತು. ಅಮ್ಮನಿಗೆ ಕೆಮ್ಮು ಹಿಡಿದು, ಮೂರು ದಿನಕ್ಕೆ ಜ್ವರ ಏರಿತು. ವಾರಕ್ಕೊಮ್ಮೆ ಬರುವ ಡಾಕ್ಟರು ಎದೆಗೆ ಕೊಳವೆ ಇಟ್ಟು ನೋಡಿ, "ಕಫ ಕಟ್ಟಿದೆ. ಈ ವಯಸ್ಸಿಗೆ ಔಷಧಿಗಿಂತ ಬೆಚ್ಚಗಿಡೋದು ಮುಖ್ಯ. ಥಂಡಿ ಹಿಡಿದ್ರೆ ನಮ್ಮ ಕೈ ಮೀರತ್ತೆ," ಎಂದು ಬ್ಯಾಗು ಎತ್ತಿಕೊಂಡರು. ಬೀಗದಕ್ಕ ತನ್ನ ಸ್ವಂತ ಹೊದಿಕೆಯನ್ನು ತಂದು ಅಮ್ಮನ ಹೊದಿಕೆಯ ಮೇಲೆ ಹಾಕಿದಳು. ಅದೂ ಉಗ್ರಾಣದ್ದೇ, ಅದೇ ಜಾಳು ಬೂದು. ಎರಡು ಜಾಳು ಸೇರಿದರೆ ಒಂದು ದಪ್ಪ ಆಗುವುದಿಲ್ಲ.

ಮೇಲ್ವಿಚಾರಕರ ಮೇಜಿನ ಮುಂದೆ ಹೋಗಿ ನಿಂತಳು. ಹದಿನೆಂಟು ವರ್ಷದಲ್ಲಿ ಮೊದಲ ಸಲ ಕೇಳಿದ್ದು.

"ಒಂದೇ ಒಂದು ಕಂಬಳಿ, ಸಾರ್. ಜ್ವರ ಬಿಡೋವರೆಗೆ."

"ಒಬ್ರಿಗೆ ಕೊಟ್ರೆ ಉಳಿದೋರೂ ಕೇಳ್ತಾರಮ್ಮ. ನಿನಗೆ ನಾನು ಹೇಳ್ಬೇಕಾ?"

ಹೇಳಬೇಕಾಗಿರಲಿಲ್ಲ. ಆ ಮಾತನ್ನು ಅವಳೇ ಎಷ್ಟೋ ಮಂಚಗಳ ಪಕ್ಕದಲ್ಲಿ ನಿಂತು ಹೇಳಿದ್ದಳು, ಇದೇ ಮೆತ್ತನೆಯ ದನಿಯಲ್ಲಿ. ಆಚೆ ಬಂದಳು. ಕೆಮ್ಮು ಉಗ್ರಾಣದವರೆಗೂ ಕೇಳುತ್ತಿತ್ತು. ಮಧ್ಯಾಹ್ನ ಮೂರು ಗಂಟೆಯ ಹೊತ್ತಿಗೆ ಅವಳಿಗೆ ಬೀಗವೂ ಬೇಡ, ಕೋಣೆಯೂ ಬೇಡ ಎನ್ನಿಸಿಬಿಟ್ಟಿತು. ಅಣ್ಣನ ಮನೆಯ ಬಾಗಿಲಾದರೂ ಸರಿ, ಬೀದಿಯಾದರೂ ಸರಿ, ಅಮ್ಮ ಒಂದು ದಿನ ಬೆಚ್ಚಗೆ ಮಲಗಲಿ. ಬೀರು ತೆರೆದು, ಎಲ್ಲಕ್ಕಿಂತ ಮೇಲಿದ್ದ ಕಂಬಳಿಯನ್ನು ಎದೆಗವಚಿಕೊಂಡು ಹೊರಟಳು.

ನುಸಿಗುಳಿಗೆಯ ವಾಸನೆ ಎಂದಿನಂತೆ ಅವಳಿಗಿಂತ ಮುಂದೆ ಹೋಗಿ ಉದ್ದಕೋಣೆ ಸೇರಿತು.

ಅವಳು ಬಾಗಿಲು ದಾಟುವಷ್ಟರಲ್ಲಿ ಎದ್ದು ಕೂರಬಲ್ಲವರೆಲ್ಲ ಎದ್ದು ಕೂತಿದ್ದರು. ಬಾಚಣಿಗೆ ಕೈಯಿಂದ ಕೈಗೆ ಹೋಗುತ್ತಿತ್ತು. ಉಗುಳುವ ಡಬ್ಬಿಗಳು ಟಣಟಣನೆ ಮಂಚದಡಿ ಸರಿದವು. ಪಾರ್ಶ್ವವಾಯು ಹೊಡೆದ ಅಜ್ಜಿ ಪಕ್ಕದವಳ ಭುಜ ಹಿಡಿದು ಬೆನ್ನು ನೆಟ್ಟಗೆ ಮಾಡಿಕೊಳ್ಳಲು ಒದ್ದಾಡುತ್ತಿದ್ದಳು. ಕುರುಡಜ್ಜ ಖಾಲಿ ಬಾಗಿಲಿಗೆ ಕೈ ಮುಗಿದು, "ಚೆನ್ನಾಗಿದೆ ಸಾರ್, ಏನೂ ಕಡಿಮೆ ಇಲ್ಲ," ಎಂದ.

"ಯಾರೂ ಬರ್ತಿಲ್ಲ. ಮಲ್ಕೊಳ್ಳಿ," ಎಂದಳು ಬೀಗದಕ್ಕ.

ಯಾರೂ ಮಲಗಲಿಲ್ಲ. ಕಂಬಳಿ ಬಂದ ಮೇಲೆ ಜನ ಬಾರದೆ ಇದ್ದದ್ದು ಆ ಕೋಣೆಯಲ್ಲಿ ಒಂದು ಸಲವೂ ಆಗಿರಲಿಲ್ಲ. ತಮಗೆ ಯಾಕೆ ಇನ್ನೂ ಹೊದಿಸಲಿಲ್ಲವೆಂದು ಒಬ್ಬರ ಮುಖ ಒಬ್ಬರು ನೋಡಿಕೊಂಡು, ಚಳಿಯಲ್ಲಿ ನಡುಗುತ್ತ ನೆಟ್ಟಗೆ ಕೂತೇ ಇದ್ದರು.

ಅಮ್ಮನೂ ಎದ್ದು ಕೂತಿದ್ದಳು. ಜ್ವರದಲ್ಲಿ ಕಣ್ಣು ಕೆಂಪಾಗಿತ್ತು, ಕೆಮ್ಮನ್ನು ಅಂಗೈಯಲ್ಲಿ ಅದುಮಿ ಹಿಡಿದು ಕೂದಲು ಸರಿಮಾಡಿಕೊಳ್ಳುತ್ತಿದ್ದಳು. ಬೀಗದಕ್ಕ ಅವಳನ್ನು ಮಲಗಿಸಿ, ಕಂಬಳಿಯನ್ನು ಕತ್ತಿನವರೆಗೆ ಎಳೆದು, ಎರಡೂ ಪಕ್ಕ ಒತ್ತಿ ಸೇರಿಸಿದಳು.

"ಎಷ್ಟು ಹೊತ್ತಿಗೆ ಬರ್ತಾರೆ?" ಎಂದಳು ಅಮ್ಮ.

"ಯಾರೂ ಬರಲ್ಲಮ್ಮ. ನಿನಗೇ ಅಂತ ತಂದೆ."

"ಸರಿ ಬಿಡು. ಕೆಮ್ಮು ಬರದ ಹಾಗೆ ನೋಡ್ಕೋತೀನಿ."

"ನಿಜವಾಗ್ಲೂ ನಿನಗೇಮ್ಮ. ನನ್ನಾಣೆ. ಇದು ಇಲ್ಲೇ ಇರತ್ತೆ."

ಅಮ್ಮ ಮಗಳ ಮುಖವನ್ನು ಬಹಳ ಹೊತ್ತು ನೋಡಿದಳು. ಮಗಳು ಅಳುತ್ತಿದ್ದಳು. ಅಮ್ಮನಿಗೆ ಕನಿಕರವೂ ಆಗಿರಬೇಕು. ಕಂಬಳಿಯಡಿಯಿಂದ ಕೈ ತೆಗೆದು ಮಗಳ ಮಣಿಕಟ್ಟು ತಟ್ಟಿದಳು.

"ಆಣೆ ಎಲ್ಲ ಯಾಕೆ? ಈಗ್ಲೇ ತಗೊಂಡ್ಹೋಗು ಮಗಳೇ. ಮೈ ಬೆಚ್ಚಗಾದ್ಮೇಲೆ ತೆಗೆದ್ರೆ ಚಳಿ ಇನ್ನೂ ಜಾಸ್ತಿ ಆಗತ್ತೆ. ಪ್ರತೀ ಸಲ ಹಂಗೇ ಆಗತ್ತೆ ನಂಗೆ."

"ತೆಗೆಯಲ್ಲಮ್ಮ," ಎಂದಳು ಬೀಗದಕ್ಕ.

ಅಮ್ಮ "ಹೂಂ" ಎಂದಳು. ಕಂಬಳಿಯನ್ನು ಕಾಲಿನಿಂದ ಮಂಚದ ಅಂಚಿಗೆ ನೂಕಿ, ಬೂದು ಹೊದಿಕೆ ಎರಡನ್ನೂ ತಲೆಯ ಮೇಲೆಳೆದುಕೊಂಡು ಗೋಡೆಯ ಕಡೆ ತಿರುಗಿ ಮಲಗಿದಳು.